ನಸೀಮಳ ಗಂಟಲು, ನಸೀಮಳ ಹಡಗು

ದುಬೈಯ ಅಲ್ ನಹ್ದಾದ ನಸೀಮ ಹೆಚ್ಚುಕಡಿಮೆ ಹದಿನೈದು ವರ್ಷ ಒಬ್ಬ ಗಂಡುಹುಡುಗನಾಗಿ ಸಂಬಳ ತೆಗೆದುಕೊಂಡಳು. ಹುಡುಗನ ಹೆಸರು ಮಿನೋಕಿ. ಜಪಾನಿನವರು ಮಾಡಿದ ಕಾರ್ಟೂನಿನ ನಾಯಕ. ಕೆಂಪು ಕೂದಲು, ಅರ್ಧ ಮುಖ ತುಂಬುವ ಕಣ್ಣು, ಕೈಯಲ್ಲೊಂದು ಕೊಡೆ. ಕೊಡೆ ಬಿಡಿಸಿದರೆ ಸಿಡಿಲು ಹೊಡೆದು ರಾಕ್ಷಸರು ಸಾಯುತ್ತಾರೆ. ಅದನ್ನು ಇಂಗ್ಲಿಷಿಗೆ ಡಬ್ ಮಾಡಿ ಗಲ್ಫಿನ ಮಕ್ಕಳಿಗೆ ತೋರಿಸುತ್ತಿದ್ದ ಕಂಪೆನಿಯ ಸ್ಟುಡಿಯೋ ಅಲ್ ಕೂಜ್‌ನಲ್ಲಿ, ಟೈರಿನ ಗೋದಾಮಿಗೂ ಮಾರ್ಬಲ್ ಕತ್ತರಿಸುವ ಶೆಡ್ಡಿಗೂ ನಡುವೆ ಸಿಕ್ಕಿಕೊಂಡಿತ್ತು. ಪಕ್ಕದ ಗರಗಸ ನಿಂತಾಗ ಮಿನೋಕಿ ಮಾತಾಡಬೇಕು. ಗರಗಸ ಶುರುವಾಯಿತೋ, ರಾಕ್ಷಸರಿಗೂ ವಿರಾಮ.

ಆ ಕೆಲಸ ಅವಳಿಗೆ ಸಿಕ್ಕಿದ್ದು ಮಗಳ ದೆಸೆಯಿಂದ. ಫರ್ಝಾನ ಆಗ ಒಂದನೇ ಕ್ಲಾಸು. ಶಾಲೆಯ ನಾಟಕದಲ್ಲಿ ಚೆನ್ನಾಗಿ ಮಾತಾಡಿದಳೆಂದು ಯಾರೋ ಹೇಳಿ, ಸ್ವರಪರೀಕ್ಷೆಗೆ ಕರೆದುಕೊಂಡು ಹೋದದ್ದು. ಮೈಕು ಕಂಡದ್ದೇ ಹುಡುಗಿ ಬಾಯಿ ಹೊಲಿದುಕೊಂಡಿತು. ಮಗಳ ಪಕ್ಕ ಮೊಣಕಾಲೂರಿ ಕುಳಿತ ನಸೀಮ, ಮನೆಯಲ್ಲಿ ಅನ್ನ ತಿನ್ನಿಸುವಾಗ ಮಾಡುತ್ತಿದ್ದ ತುಂಟ ಹುಡುಗನ ಸ್ವರದಲ್ಲಿ ಆ ಸಾಲು ಹೇಳಿ ತೋರಿಸಿದಳು. ಗಾಜಿನ ಆಚೆಯಿಂದ ಸ್ಟುಡಿಯೋ ಮ್ಯಾನೇಜರ್ ಶರ್ವಿನ್, ಕುಲಶೇಖರದ ಕೊಂಕಣಿ ಹುಡುಗ, ಸ್ಪೀಕರಿನಲ್ಲಿ ಕೇಳಿದ, "ಯಾರದು? ಆ ಹುಡುಗನನ್ನು ಮುಂದೆ ಕರೀರಿ!"

ಅವಳ ಇಂಗ್ಲಿಷು ಕೂಡ ಜಪಾನಿನವರಿಗೆ ಹಿಡಿಸಿತು. ಯಾವ ದೇಶದ್ದೂ ಅನಿಸದ ಇಂಗ್ಲಿಷು ಬೇಕೆಂದು ಅವರ ಹಟ. ಉಳ್ಳಾಲದಲ್ಲಿ ಹುಟ್ಟಿ, ಮಂಗಳೂರಿನ ಕಾನ್ವೆಂಟಿನಲ್ಲಿ ಕಲಿತು, ಆಮೇಲೆ ದೇರಾದ ಅಂಗಡಿಗಳಲ್ಲಿ ಫಿಲಿಪಿನೋ, ಪಠಾಣ, ಈಜಿಪ್ಟಿನವರೆಂದು ನೋಡದೆ ಎಲ್ಲರ ಜೊತೆ ಚೌಕಾಶಿ ಮಾಡಿದ ನಸೀಮಳ ಇಂಗ್ಲಿಷು ಎಲ್ಲಿಯದೆಂದು ಹೇಳಲು ಯಾರಿಂದಲೂ ಆಗಲಿಲ್ಲ. ದುಬೈಯಲ್ಲಿ ಅದಕ್ಕೆ ಬೆಲೆ ಉಂಟು.

ಗಂಡ ನಿಯಾಝ್ ಅಲ್ ಮುರಕ್ಕಬಾತ್‌ನ ಅತ್ತರಿನ ಅಂಗಡಿಯೊಂದರಲ್ಲಿ ಮ್ಯಾನೇಜರು. ಸಾಧು ಮನುಷ್ಯ. ಆದರೆ ಹೆಂಡತಿ ಏನು ಕೆಲಸ ಮಾಡುತ್ತಾಳೆಂದು ಯಾರಾದರೂ ಕೇಳಿದರೆ ಅವನ ಬೆವರಿಗೆ ಅಂಗಡಿಯ ಅತ್ತರೂ ಸಾಲುತ್ತಿರಲಿಲ್ಲ.

"ಮೀಡಿಯಾದಲ್ಲಿದ್ದಾಳೆ."

"ಮೀಡಿಯಾ ಅಂದ್ರೆ ಎಂತ?"

"ಮೀಡಿಯಾ ಅಂದ್ರೆ ಮೀಡಿಯಾ. ಬಿರಿಯಾನಿ ತಣ್ಣಗಾಗ್ತದೆ, ತಿನ್ನಿ."

ಕಾರ್ಟೂನಿಗೆ ಬೇಕಾದ ಸಾಯುವ ಕಿರುಚಾಟಗಳನ್ನು ಫ್ಲ್ಯಾಟಿನಲ್ಲಿ ಅಭ್ಯಾಸ ಮಾಡುವಂತಿರಲಿಲ್ಲ. ಒಮ್ಮೆ ಮಾಡಿದ್ದಕ್ಕೆ ವಾಚ್‌ಮನ್ ಮೇಲೆ ಬಂದು, ನಿಯಾಝ್‌ನನ್ನು ಅಡಿಯಿಂದ ಮುಡಿಯವರೆಗೆ ನೋಡಿ, "ಭಾಬಿ ಠೀಕ್ ಹೈ ನಾ?" ಎಂದು ಕೇಳಿ ಹೋಗಿದ್ದ. ಅಂದಿನಿಂದ ನಸೀಮ ಕಾರಿನಲ್ಲೇ ಸಾಯತೊಡಗಿದಳು. ಶಾರ್ಜಾ ಗಡಿಯ ಟ್ರಾಫಿಕ್ಕಿನಲ್ಲಿ ಒಬ್ಬಳೇ ಕುಳಿತು ಹೆಂಗಸೊಬ್ಬಳು ಕಿರುಚಿದರೆ ಯಾರೂ ತಿರುಗಿ ನೋಡುವುದಿಲ್ಲ. ಅಲ್ಲಿ ಎಲ್ಲರದೂ ಅದೇ ಸ್ಥಿತಿ.

ಹೀಗೇ ನಡೆದಿತ್ತು. ಮಿನೋಕಿಗೆ ವಯಸ್ಸಾಗಲಿಲ್ಲ, ನಸೀಮಳಿಗೆ ಆಯಿತು. ಅಷ್ಟರಲ್ಲಿ ಅಬುಧಾಬಿಯಲ್ಲಿ ಕಾರ್ಟೂನು ಅಭಿಮಾನಿಗಳ ದೊಡ್ಡ ಮೇಳ ಬಂತು. 'ಮಿನೋಕಿಯ ಸ್ವರವನ್ನು ಭೇಟಿಯಾಗಿ' ಎಂದು ಜಾಹೀರಾತು. ಇಷ್ಟು ವರ್ಷ ಹೆಸರೂ ಹೇಳಬಾರದೆಂದಿದ್ದ ಕಂಪೆನಿ ಇನ್ನು ಮುಖ ತೋರಿಸೀತೆಂದು ನಸೀಮ ಹೊಸ ಅಬಾಯಾ ಹೊಲಿಸಿದಳು. ಅಂಚಿಗೆ ಕೆಂಪು ಕಸೂತಿ, ಮಿನೋಕಿಯ ಕೂದಲಿಗೆ ಒಪ್ಪಲಿ ಎಂದು. ಮೇಳದ ಸಭಾಂಗಣಕ್ಕೆ ಹೋದರೆ ವೇದಿಕೆಯ ಮೇಲೆ ಕೆಂಪು ವಿಗ್ಗು ಹಾಕಿಕೊಂಡ, ಎದೆಯುಬ್ಬಿಸಿದ ಯುವಕನೊಬ್ಬ ಕೊಡೆ ತಿರುಗಿಸುತ್ತ ನಿಂತಿದ್ದ. ಯಾವುದೋ ಜಿಮ್ಮಿನಲ್ಲಿ ತರಬೇತಿ ಕೊಡುವವನಂತೆ. ನಸೀಮಳಿಗೆ ಪರದೆಯ ಹಿಂದೆ ಕುರ್ಚಿ ಹಾಕಿತ್ತು. ಕುರ್ಚಿಯ ಮೇಲೆ ಮೈಕು.

"ನಸೀಮಕ್ಕ, ತಪ್ಪು ತಿಳ್ಕೊಬೇಡಿ," ಎಂದ ಶರ್ವಿನ್. "ಮಕ್ಕಳ ಮನಸ್ಸಲ್ಲಿ ಒಂದು ಚಿತ್ರ ಉಂಟಲ್ಲ? ಅದನ್ನು ಒಡೀಬಾರ್ದು ಅಂತ ಮೇಲಿನವರು ಹೇಳಿದ್ದಾರೆ."

"ನಾನು ಒಡೆಯುವ ಹಾಗಿದ್ದೇನಾ?"

"ಹಾಗಲ್ಲ."

"ಮತ್ತೆ ಹೇಗೆ?"

ಶರ್ವಿನ್ ಕೈಯಲ್ಲಿದ್ದ ವಾಕಿಟಾಕಿಯ ಜೊತೆ ಮಾತಾಡತೊಡಗಿದ. ಅದು ಆನ್ ಆಗಿರಲಿಲ್ಲ.

ಪ್ರಶ್ನೋತ್ತರ ಶುರುವಾಯಿತು. ಹೊರಗೆ ಯುವಕ ಬಾಯಿ ಆಡಿಸಿದ, ಒಳಗೆ ನಸೀಮ ಮಾತಾಡಿದಳು. ಅವಳು ಒಂದು ಉತ್ತರದ ನಡುವೆ ಇರುವಾಗಲೇ ಅವನು ಬಾಟಲಿಯೆತ್ತಿ ಗಟಗಟ ನೀರು ಕುಡಿದ. ಯಾರೂ ಗಮನಿಸಲಿಲ್ಲ, ಚಪ್ಪಾಳೆ ತಟ್ಟಿದರು. ಕಾಲೇಜು ಹುಡುಗಿಯೊಬ್ಬಳು ಎದ್ದುನಿಂತು, ನಾಚಿಕೊಳ್ಳುತ್ತ, "ಮಿನೋಕಿ, ನಿನಗೆ ಗರ್ಲ್‌ಫ್ರೆಂಡ್ ಇದ್ದಾಳಾ?" ಎಂದು ಕೇಳಿದಳು.

ಪರದೆಯ ಹಿಂದೆ ನಸೀಮಳಿಗೆ ಅದೇನು ಹೊಕ್ಕಿತೋ. ಮಿನೋಕಿಯ ಸ್ವರದಲ್ಲೇ, ಸ್ಪಷ್ಟವಾಗಿ ಹೇಳಿದಳು. "ನನಗೆ ಒಬ್ಬ ಗಂಡ ಇದ್ದಾನೆ, ಕಾಲೇಜಿಗೆ ಹೋಗುವ ಮಗಳಿದ್ದಾಳೆ, ಎಡಮೊಣಕಾಲಿನಲ್ಲಿ ನೋವು ಉಂಟು."

ಯುವಕನ ಬಾಯಿ ಅದಷ್ಟನ್ನೂ ಶ್ರದ್ಧೆಯಿಂದ ಆಡಿತು. ಸಭೆ ಬಿದ್ದುಬಿದ್ದು ನಕ್ಕಿತು. ಮಿನೋಕಿ ಎಷ್ಟು ತಮಾಷೆಯವ ಎಂದು ಆಮೇಲೆ ಎಲ್ಲರೂ ಬರೆದುಕೊಂಡರು. ಸೆಲ್ಫಿಗೆ ಸಾಲು ನಿಂತಿತು, ವಿಗ್ಗಿನವನ ಜೊತೆ.

ನಸೀಮ ಹಿಂದಿನ ಬಾಗಿಲಿನಿಂದ ಹೊರಬಿದ್ದಳು. ಕಣ್ಣು ತುಂಬಿಕೊಂಡಿತ್ತು, ಎಲ್ಲಿಗೆ ನಡೆಯುತ್ತಿದ್ದೇನೆಂಬ ಗೊಡವೆ ಇರಲಿಲ್ಲ. ಹಾಗೆ ನಡೆದು ಹೋಗಿ ಸಿಕ್ಕಿಬಿದ್ದದ್ದು ಸ್ಟೀಮ್‌ಪಂಕ್ ಮಂದಿಯ ನಡುವೆ.

ಇದೊಂದು ಪಂಥ. ಕರೆಂಟೇ ಹುಟ್ಟದೆ, ಜಗತ್ತೆಲ್ಲ ಉಗಿಯಂತ್ರದ ಮೇಲೇ ನಡೆದಿದ್ದರೆ ಹೇಗಿರುತ್ತಿತ್ತು ಎಂದು ಕಥೆ ಕಟ್ಟುತ್ತಾರೆ. ಹಿತ್ತಾಳೆಯ ವಿಮಾನ, ಹಲ್ಲುಚಕ್ರದ ಕುದುರೆ, ಕಲ್ಲಿದ್ದಲಿನ ಕಂಪ್ಯೂಟರು. ಹೊರಗೆ ಹಂಚು ಕಾಯುವಂಥ ಬಿಸಿಲು, ಇವರು ಒಳಗೆ ಏಸಿಯಲ್ಲಿ ಚರ್ಮದ ಉದ್ದಕೋಟು ತೊಟ್ಟು, ಟೋಪಿಗೆ ವೆಲ್ಡಿಂಗಿನವರ ಕನ್ನಡಕ ಕಟ್ಟಿಕೊಂಡು ಗಂಭೀರವಾಗಿ ಚಹಾ ಕುಡಿಯುತ್ತಿದ್ದರು. ಒಬ್ಬ ಬಿಳಿಯ ಹೆಂಗಸಿನ ತೋಳ ತುಂಬ ಹಿತ್ತಾಳೆಯ ಚಕ್ರಗಳು.

"ಈ ಚಕ್ರ ಏನನ್ನು ತಿರುಗಿಸುತ್ತದೆ?" ನಸೀಮ ಕೇಳಿದಳು.

"ಏನನ್ನೂ ಇಲ್ಲ. ಅಂಟಿಸಿದ್ದು," ಎಂದಳು ಅವಳು, ಇದೆಂಥ ಪ್ರಶ್ನೆ ಎಂಬಂತೆ.

ನಸೀಮಳಿಗೆ ಒಮ್ಮೆಲೇ ಆ ಜಾಗ ಇಷ್ಟವಾಯಿತು. ಅವರು ಮಾರುತ್ತಿದ್ದ ಪುಸ್ತಕಗಳಲ್ಲಿ ಒಂದು ಕಟ್ಟು ಹೊತ್ತು ಮನೆಗೆ ಬಂದಳು. ಓದಿದಂತೆಲ್ಲ ಸಿಟ್ಟು ಏರಿತು. ಎಲ್ಲದರಲ್ಲೂ ಲಂಡನ್ನು, ಮಂಜು, ಯಾರೋ ಪ್ರಭುವಿನ ಮಗಳು. ಉಗಿ ಎಂದರೆ ಲಂಡನ್ನಿನವರಿಗೆ ಮಾತ್ರ ಗೊತ್ತಾ? ದಿನಾ ಬೆಳಗೆದ್ದು ಹಬೆಯಲ್ಲಿ ಅಕ್ಕಿಯ ಪುಂಡಿ ಬೇಯಿಸಿದ ನಮಗೆ ಗೊತ್ತಿಲ್ಲವಾ?

ಸಿಟ್ಟು ಇಳಿಯುವ ಮೊದಲೇ ಶರ್ವಿನ್ ಅಲ್ ಕೂಜ್‌ಗೆ ಕರೆಸಿದ. ಯಾವತ್ತೂ ಕಾಗದದ ಲೋಟದಲ್ಲಿ ಬರುತ್ತಿದ್ದ ಕರಕ್ ಚಾಯ್ ಅಂದು ಪಿಂಗಾಣಿ ಕಪ್ಪಿನಲ್ಲಿ ಬಂತು. ಕೆಟ್ಟ ಸುದ್ದಿಯೆಂದು ನಸೀಮಳಿಗೆ ಆಗಲೇ ಗೊತ್ತಾಯಿತು.

"ಮುಂದಿನ ಸೀಸನಿಂದ ಕಂಪ್ಯೂಟರೇ ಮಾತಾಡ್ತದೆ, ನಸೀಮಕ್ಕ. ಸ್ವರ ನಿಮ್ಮದೇ. ನೀವು ಬರಬೇಕಾಗಿಲ್ಲ, ಅಷ್ಟೆ."

"ನನ್ನ ಸ್ವರ, ನಾನಿಲ್ಲದೆ?"

"ಇಷ್ಟು ವರ್ಷದ ರೆಕಾರ್ಡಿಂಗ್ ಎಲ್ಲ ಕಂಪೆನಿಯದ್ದಲ್ವಾ. ಅದನ್ನೇ ಕೇಳಿ ಕೇಳಿ ಕಲಿತಿದೆ."

"ಸಾಯುವುದನ್ನು ಕೂಡ ಕಲಿತಿದೆಯಾ?"

"ಅದರಲ್ಲಿ ಸ್ವಲ್ಪ ವೀಕ್," ಎಂದ ಶರ್ವಿನ್. ಅವನಿಗೂ ಮುಖ ಎತ್ತಲಾಗಲಿಲ್ಲ. ಕೊನೆಗೆ ನೆನಪಿನ ಕಾಣಿಕೆಯೆಂದು ಚೌಕಟ್ಟು ಹಾಕಿಸಿದ ಮಿನೋಕಿಯ ಚಿತ್ರ ಕೊಟ್ಟ. ಕೆಳಗೆ ದೊಡ್ಡದಾಗಿ ಸಹಿ ಇತ್ತು. ವಿಗ್ಗಿನ ಯುವಕನದು.

ಖಲಾಸ್. ಎರಡು ವಾರ ನಸೀಮ ಯಾರ ಸ್ವರದಲ್ಲೂ ಮಾತಾಡಲಿಲ್ಲ. ಆಮೇಲೊಂದು ಬೆಳಿಗ್ಗೆ ಊಟದ ಮೇಜು ಒರೆಸಿ, ಮಗಳ ಹಳೇ ಲ್ಯಾಪ್‌ಟಾಪು ಎಳೆದುಕೊಂಡು ಕುಳಿತಳು.

ಅವಳ ಇಂಗ್ಲಿಷ್ ಕಾದಂಬರಿಯ ನಾಯಕಿ ಉಳ್ಳಾಲದ ಐಸಮ್ಮ. ಅಜ್ಜ ಬಿಟ್ಟುಹೋದ ಹಳೇ ಮಂಜಿ ಹಡಗಿಗೆ ಹಿತ್ತಾಳೆಯ ಹೊಟ್ಟೆ, ಚರ್ಮದ ರೆಕ್ಕೆ ಕಟ್ಟಿ, ಅದನ್ನು ಉಗಿಯಿಂದ ಹಾರಿಸಿಕೊಂಡು ಬಸ್ರಾದ ಕಡೆ ಹೊರಡುತ್ತಾಳೆ. ಕರಾವಳಿಯ ಮೋಡಗಳನ್ನು ಯಾರೋ ಕದಿಯುತ್ತಿದ್ದಾರೆ, ಅವರನ್ನು ಹಿಡಿಯಬೇಕು. ದಾರಿಯಲ್ಲಿ ಆಕಾಶಗಳ್ಳ ಅಡ್ಡ ಬರುತ್ತಾನೆ. ಬರೆಯುವಾಗ ನಸೀಮ ಎಲ್ಲರ ಮಾತನ್ನೂ ಅವರವರ ಸ್ವರದಲ್ಲಿ ಹೇಳಿ ನೋಡುತ್ತಿದ್ದಳು. ಫರ್ಝಾನ ಕೋಣೆಯಿಂದ ಇಣುಕಿ, "ಮಮ್, ಐ ಹ್ಯಾವ್ ಎಕ್ಸಾಮ್ಸ್. ಕ್ಯಾನ್ ದ ಪೈರೇಟ್ ಪ್ಲೀಸ್ ಬಿ ಕ್ವಯೆಟ್?" ಎನ್ನುತ್ತಿದ್ದಳು.

ಮುಗಿದ ಕಾದಂಬರಿ ದುಬೈಯ ಒಂದು ಪ್ರಕಾಶನದ ಸಂಪಾದಕಿ ಸುಸನ್‌ಳ ಕೈಗೆ ಹೋಯಿತು. ಕಲ್ಯಾಣಪುರದ ಮೂಲ, ಬೆಳೆದದ್ದು ಅಬುಧಾಬಿ. ಒಂದೊಂದು ವಾಕ್ಯಕ್ಕೂ 'ಗ್ಲೋಬಲ್' ಎಂಬ ಪದದ ಒಗ್ಗರಣೆ ಬೀಳದೆ ಅವಳ ಮಾತು ಬೇಯುತ್ತಿರಲಿಲ್ಲ.

"ಲವ್ಲೀ ಬುಕ್, ನಸೀಮ ಮೇಡಂ. ಸಣ್ಣ ಸಣ್ಣ ಚೇಂಜ್ ಉಂಟು. ಐಸಮ್ಮ ಅಂದ್ರೆ ಹೊರಗಿನವರಿಗೆ ನಾಲಗೆ ತಿರುಗೋದಿಲ್ಲ. 'ಏಸ್' ಅಂತ ಇಡುವ. ಉಳ್ಳಾಲ ಬೇಡ, 'ಪೋರ್ಟ್ ಯು' ಸಾಕು. ಮತ್ತೆ ಹಡಗಿನಲ್ಲಿರುವ ಆ ಅಜ್ಜಿ ತುಂಬಾ ಮಾತಾಡ್ತಾರೆ."

"ಅಜ್ಜಿಯರು ಮತ್ತೆಂತ ಮಾಡ್ತಾರೆ?"

"ಗ್ಲೋಬಲ್ ಅಜ್ಜಿಯರು ಮಾತಾಡೋದಿಲ್ಲ, ಮೇಡಂ. ಸುಮ್ಮನೆ ನಗ್ತಾರೆ."

ನಸೀಮ ಒಪ್ಪಿದಳು. ಹೌದು, ಎಲ್ಲದಕ್ಕೂ ಒಪ್ಪಿದಳು. ಪರದೆಯ ಹಿಂದೆ ಕುಳಿತಾಗ ಕುದಿದವಳೇ, ಈಗ ಐಸಮ್ಮನಿಗೆ ತಾನೇ ಕೈಯಾರೆ ಪರದೆ ಎಳೆದಳು. ಲೇಖಕಿ ಎನಿಸಿಕೊಳ್ಳುವ ಆಸೆ ಒಮ್ಮೆ ಹತ್ತಿದರೆ ಬಿಡುವಂಥದ್ದಲ್ಲ. ಸಾಲದ್ದಕ್ಕೆ ಆನ್‌ಲೈನಿನಲ್ಲಿ ಹಿತ್ತಾಳೆ ಕನ್ನಡಕ ತರಿಸಿ, ತಲೆವಸ್ತ್ರದ ಮೇಲೆ ಕಟ್ಟಿಕೊಂಡು ಬಾಲ್ಕನಿಯಲ್ಲಿ ಫೋಟೋ ಹೊಡೆಸಿಕೊಂಡಳು. ಹಿಂದೆ ಒಣಹಾಕಿದ ನಿಯಾಝ್‌ನ ಲುಂಗಿ ಬಂದದ್ದರಿಂದ ಇನ್ನೊಮ್ಮೆ ಹೊಡೆಸಬೇಕಾಯಿತು. ಪುಸ್ತಕ ಬಂದಾಗ ಮುಖಪುಟದಲ್ಲಿ ಹೊಂಬಣ್ಣದ ಕೂದಲಿನ ಹುಡುಗಿ ನಿಂತಿದ್ದಳು.

"ಇವಳು ಯಾರು?"

"ಏಸ್!" ಎಂದಳು ಸುಸನ್.

ಊರಿನವರ ಸಂಘಕ್ಕೆ ಸುದ್ದಿ ಮುಟ್ಟಿತು. ಹದಿನೈದು ವರ್ಷ ಮಕ್ಕಳೆಲ್ಲ ಅವಳ ಸ್ವರ ಕೇಳಿ ಬೆಳೆದಾಗ ಗೊತ್ತೇ ಆಗದಿದ್ದ ಸಂಘಕ್ಕೆ, ಯಾರೂ ಓದದ ಪುಸ್ತಕ ಬಂದದ್ದೇ ಸನ್ಮಾನದ ನೆನಪಾಯಿತು. ಅಧ್ಯಕ್ಷರು ಉಮ್ಮರಬ್ಬ ಹಾಜಿ. ದೇರಾದಲ್ಲಿ ಪೈಪು, ವಾಲ್ವು, ಪಂಪುಗಳ ದೊಡ್ಡ ವ್ಯಾಪಾರ. ಹೋಟೆಲೊಂದರ ಹಾಲಿನಲ್ಲಿ ಶಾಲು ಹೊದಿಸಿ, ಹಣ್ಣಿನ ಬುಟ್ಟಿ ಕೊಟ್ಟು, ಮೈಕು ಹಿಡಿದರು.

"ನಮ್ಮ ಸಮಾಜದ ಹೆಣ್ಣುಮಗಳು ಇಂಗ್ಲಿಷಿನಲ್ಲಿ ಸ್ಟೀಮ್ ಪಂಪಿನ ಬಗ್ಗೆ ಪುಸ್ತಕ ಬರೆದದ್ದು ಎಷ್ಟು ಹೆಮ್ಮೆಯ ವಿಷಯ! ನಾನು ನಲವತ್ತು ವರ್ಷದಿಂದ ಪಂಪಿನ ಲೈನಿನಲ್ಲಿದ್ದೇನೆ. ನೀರಿನ ಪಂಪು ಎಲ್ಲರಿಗೂ ಗೊತ್ತು. ಆದರೆ ಸ್ಟೀಮ್ ಪಂಪಿನ ಸೂಕ್ಷ್ಮ ಒಬ್ಬಳು ಗೃಹಿಣಿಗೆ ಹೇಗೆ ಗೊತ್ತಾಯಿತು?"

ನಸೀಮ ಮೆಲ್ಲಗೆ, "ಹಾಜಾಕ, ಪಂಪ್ ಅಲ್ಲ, ಪಂಕ್," ಎಂದಳು.

"ಅದೇ. ಪಂಕ್. ಉತ್ತರದವರು ಹಾಗೇ ಹೇಳುವುದು," ಎಂದು ಹಾಜಿ ಸಭೆಗೆ ವಿವರಿಸಿದರು. "ಈ ಪುಸ್ತಕ ನಮ್ಮ ಪ್ರತಿಯೊಂದು ವರ್ಕ್‌ಶಾಪಿನಲ್ಲೂ ಇರಬೇಕು."

ಅಂದು ಮಾರಾಟವಾದಷ್ಟು ಪ್ರತಿಗಳು ಮತ್ತೆಂದೂ ಮಾರಾಟವಾಗಲಿಲ್ಲ. ಊಟದ ಸಾಲಿನಲ್ಲಿ ಇಬ್ಬರು ಡೀಲರ್‌ಶಿಪ್ಪಿನ ಬಗ್ಗೆ ವಿಚಾರಿಸಿದರು. ನಿಯಾಝ್ ಮಾತ್ರ ಅರಳಿಹೋಗಿದ್ದ. "ವೈಫ್ ಆಥರ್," ಎಂದು ಕೇಳದವರಿಗೂ ಹೇಳುತ್ತಿದ್ದ. ಯಾವ ಪುಸ್ತಕ ಎಂದರೆ, "ದಪ್ಪದ್ದು."

ಆಮೇಲೆ ಸುಸನ್‌ಳ ಫೋನು ಬಂತು. ಸಂಭ್ರಮದಲ್ಲಿ ಅವಳಿಗೆ ಉಸಿರೇ ಸಿಗುತ್ತಿರಲಿಲ್ಲ.

"ಮೇಡಂ, ಕೂತಿದ್ದೀರಾ? ನಮ್ಮ ಆಡಿಯೋ ಬುಕ್ಕಿಗೆ ಮಿನೋಕಿ ಸಿಕ್ಕಿದ! ಕಾರ್ಟೂನ್ ಕಂಪೆನಿಯವರು ಆ ಸ್ವರವನ್ನು ಬಾಡಿಗೆಗೆ ಕೊಡ್ತಾರಂತೆ. ಇಡೀ ಪುಸ್ತಕ ಮಿನೋಕಿಯೇ ಓದ್ತಾನೆ!"

ನಸೀಮ ನಿಜಕ್ಕೂ ಕುಳಿತುಕೊಂಡಳು. "ನಾನೇ ಓದ್ತೇನಲ್ಲ, ಸುಸನ್."

"ನೀವಾ? ಲೇಖಕರು ಓದಿದ್ರೆ ಜನ ನಿದ್ದೆ ಮಾಡ್ತಾರೆ, ಮೇಡಂ."

ಕೆಲಸದಲ್ಲಿದ್ದಷ್ಟು ಕಾಲ ಹೆಸರು ಹೇಳಬಾರದೆಂದು ಕಂಪೆನಿಯ ಕಟ್ಟಪ್ಪಣೆ ಇತ್ತು. ಬಿಟ್ಟ ಮೇಲೂ ನಸೀಮ ಬಾಯಿ ಬಿಟ್ಟಿರಲಿಲ್ಲ. ಅಂದು ಬಿಟ್ಟಳು. "ಮಿನೋಕಿ ನಾನೇ."

ಸುಸನ್ ಮುದ್ದಾಗಿ ನಕ್ಕಳು. "ಹೌ ಸ್ವೀಟ್! ನನ್ನ ಚಿಕ್ಕ ಮಗನೂ ಹಾಗೇ ಹೇಳ್ತಾನೆ."

ಆಡಿಯೋ ಪುಸ್ತಕದ ಬಿಡುಗಡೆ ಅಬುಧಾಬಿಯ ಮಾಲೊಂದರ ಪುಸ್ತಕದಂಗಡಿಯಲ್ಲಿ. ಮಿನೋಕಿಯ ಹೆಸರಿಗೆ ಮಕ್ಕಳು ಮುತ್ತಿಕೊಂಡಿದ್ದರು. ಮುಂದಿನ ಸಾಲಿನಲ್ಲಿ ನಿಯಾಝ್, ಫರ್ಝಾನ, ಮತ್ತೆ ವಿಸಿಟ್ ವೀಸಾದಲ್ಲಿ ಉಳ್ಳಾಲದಿಂದ ಬಂದಿದ್ದ ನಸೀಮಳ ಅತ್ತೆ, ನಿಯಾಝ್‌ನ ಉಮ್ಮ ಖದೀಜ. ಇಂಗ್ಲಿಷಿನ ಗಂಧವಿಲ್ಲದ ಖದೀಜಮ್ಮ ಏಸಿಯ ಚಳಿಗೆ ಶಾಲು ಹೊದ್ದು ಎಲ್ಲರನ್ನೂ ಪರೀಕ್ಷೆ ಮಾಡುವವರಂತೆ ನೋಡುತ್ತಿದ್ದರು.

ಸುಸನ್ ಗುಂಡಿ ಒತ್ತಿದಳು. ನಸೀಮಳ ಗಂಟಲು ಸ್ಪೀಕರಿನ ಪೆಟ್ಟಿಗೆಯೊಳಗಿಂದ ನಸೀಮಳ ಕಥೆ ಓದತೊಡಗಿತು. ನಾಯಕಿಯ ತಾಯಿ ಬಿರುಗಾಳಿಗೆ ಸಿಕ್ಕಿ ಸಮುದ್ರದ ಪಾಲಾಗುವ ಭಾಗ. ಬರೆಯುವಾಗ ನಸೀಮ ಅಡಿಗೆಮನೆಗೆ ಹೋಗಿ ಮುಖ ತೊಳೆದುಕೊಂಡು ಬಂದ ಭಾಗ ಅದು. ಪೆಟ್ಟಿಗೆ ಅದನ್ನು ಐಸ್‌ಕ್ರೀಮಿನ ಜಾಹೀರಾತಿನ ಉತ್ಸಾಹದಲ್ಲಿ ಓದಿತು. ತಾಯಿ ಮುಳುಗಿದಳು, ಸ್ವರ ಕುಣಿಯಿತು. ಮಕ್ಕಳು ಹೋ ಎಂದು ಚಪ್ಪಾಳೆ ಹೊಡೆದರು.

ನಸೀಮ ಎದ್ದು ಹೋಗಿ ಪೆಟ್ಟಿಗೆಯ ಬಾಯಿ ಮುಚ್ಚಿಸಿದಳು. ಮೈಕು ತೆಗೆದುಕೊಂಡು ಅದೇ ಪುಟವನ್ನು ಮಿನೋಕಿಯ ಸ್ವರದಲ್ಲಿ ತಾನೇ ಓದಿದಳು. ಮೆಲ್ಲಗೆ, ನಡುನಡುವೆ ನಿಲ್ಲಿಸಿ, ಕೊನೆಯ ಸಾಲಿನಲ್ಲಿ ಸ್ವರ ಒಡೆಯಲು ಬಿಟ್ಟು. ಮುಗಿಸಿ, ಈಗ ಗೊತ್ತಾಯಿತಲ್ಲ ಎಂದು ಕಣ್ಣೆತ್ತಿ ನೋಡಿದಳು.

ಎರಡನೆಯ ಸಾಲಿನಿಂದ ಒಂದು ಪುಟ್ಟ ಹುಡುಗಿ ಅಮ್ಮನಿಗೆ ಹೇಳಿದ್ದು ಎಲ್ಲರಿಗೂ ಕೇಳಿಸಿತು. "ಶೀ ಈಸ್ ಕಾಪಿಯಿಂಗ್ ಮಿನೋಕಿ. ನಾಟ್ ಈವನ್ ಗುಡ್."

ಫರ್ಝಾನ ಗಕ್ಕನೆ ತಿರುಗಿದಳು. "ಎಕ್ಸ್‌ಕ್ಯೂಸ್ ಮೀ, ಶೀ ಈಸ್ ಮಿನೋಕಿ!"

"ನೋ," ಎಂದಳು ಹುಡುಗಿ ತಾಳ್ಮೆಯಿಂದ. "ಮಿನೋಕಿ ಈಸ್ ಅ ಬಾಯ್."

ಸುಸನ್ ಅವಸರದಿಂದ ಪೆಟ್ಟಿಗೆಯ ಗುಂಡಿಯನ್ನು ಮತ್ತೆ ಒತ್ತಿದಳು.

ಹಿಂತಿರುಗುವಾಗ ಕಾರು ಊರು ದಾಟಿ ಹೆದ್ದಾರಿ ಸೇರಿದ ಮೇಲೆ ಹಿಂದಿನ ಸೀಟಿನಿಂದ ಖದೀಜಮ್ಮ ಬ್ಯಾರಿ ಭಾಷೆಯಲ್ಲಿ ಕೇಳಿದರು. "ಆ ಪೆಟ್ಟಿಗೆ ಎಂತ ಬೊಬ್ಬೆ ಹಾಕ್ತಿತ್ತು, ನಸೀಮಾ?"

"ನನ್ನ ಕಥೆ, ಮಾಮಿ."

"ಹಾಗಾದ್ರೆ ನೀನು ಹೇಳು. ಪೆಟ್ಟಿಗೆ ಹೇಳಿದ್ದು ನನಗೆ ತಿಳೀಲಿಲ್ಲ."

ನಸೀಮಳಿಗೆ ಹೇಳುವ ಮನಸ್ಸಿರಲಿಲ್ಲ. ಆದರೂ ಶುರುಮಾಡಿದಳು, ಬ್ಯಾರಿಯಲ್ಲೇ. ಆ ಭಾಷೆಯಲ್ಲಿ ಏಸ್ ಎಂಬ ಹೆಸರು ಬಾಯಿಗೆ ಬರಲೇ ಇಲ್ಲ. ಐಸಮ್ಮ ಬಂದಳು. ಪೋರ್ಟ್ ಯು ಹೋಗಿ ಉಳ್ಳಾಲದ ಅಳಿವೆ ಬಂತು. ಬಾಯಿ ಮುಚ್ಚಿಸಿದ್ದ ಅಜ್ಜಿ ವಟಗುಟ್ಟುತ್ತ ಹಡಗು ಹತ್ತಿದಳು. ನಸೀಮ ಅಜ್ಜಿಯ ಸ್ವರ ತೆಗೆದಳು, ಆಕಾಶಗಳ್ಳನ ಗೊಗ್ಗರು ಸ್ವರ ತೆಗೆದಳು, ಹಡಗಿನ ಉಗಿ ಬುಸುಗುಟ್ಟುವ ಸದ್ದನ್ನೂ ತೆಗೆದಳು. ಫರ್ಝಾನ ಕಿವಿಯಿಂದ ಇಯರ್‌ಫೋನ್ ಕಿತ್ತಳು.

"ಆಮೇಲೆ?" ಎಂದ ನಿಯಾಝ್.

ನಸೀಮ ಗಂಡನ ಕಡೆ ತಿರುಗಿದಳು. "ನೀವು ಓದಿದ್ದೀರಲ್ಲ?"

"ಓದಿದ್ದೆ. ಮರೆತುಹೋಗಿದೆ. ಆಮೇಲೆ ಎಂತಾಯ್ತು?"

ಅವನು ಕೇಳುವ ಭರದಲ್ಲಿ ಅಲ್ ನಹ್ದಾದ ತಿರುವು ತಪ್ಪಿ, ಕಾರು ಶಾರ್ಜಾದ ಒಳಗೆ ಹೊಕ್ಕು, ವಾಹನಗಳ ನಡುವೆ ಸಿಕ್ಕಿಬಿತ್ತು. ಯಾರೂ ದೂರಲಿಲ್ಲ. ಕಥೆ ಅಲ್ಲೇ ಮುಗಿಯಿತು. ಖದೀಜಮ್ಮ ಶಾಲು ಬಿಗಿಮಾಡಿಕೊಂಡು ತೀರ್ಪು ಕೊಟ್ಟರು.

"ಕಥೆ ಅಡ್ಡಿಯಿಲ್ಲ. ಆದ್ರೆ ನಿನ್ನ ಐಸಮ್ಮ ಬಾಯಿ ತೆರೆದರೆ ಭಾಷಣ. ಹೆಣ್ಣಿಗೆ ಹಾಗೆ, ಹೆಣ್ಣಿಗೆ ಹೀಗೆ. ಇಡೀ ಹಡಗಿನಲ್ಲಿ ಆ ಕಳ್ಳನೊಬ್ಬನೇ ಮನುಷ್ಯರ ಹಾಗೆ ಮಾತಾಡುವವ. ಅವನನ್ನು ನೀನು ಸುಮ್ಮಸುಮ್ಮನೆ ಮುಳುಗಿಸಿದ್ದಿ."

"ಅವ ವಿಲನ್, ಮಾಮಿ."

"ಇದ್ದರೇನಾಯ್ತು?"

ನಸೀಮಳಿಗೆ ಕೆಟ್ಟ ಸಿಟ್ಟು ಬಂತು. ಮನೆಗೆ ಹೋಗಿ ಪುಸ್ತಕ ತೆರೆದು ನೋಡಿದಳು. ಭಾಷಣಗಳು ಇದ್ದವು. ಹಾಳೆ ಹಾಳೆ ಇದ್ದವು. ಎರಡು ದಿನ ಅತ್ತೆ ಕೇಳಿದ್ದಕ್ಕೆ ಮಾತ್ರ ಉತ್ತರ.

ಎರಡನೆಯ ಭಾಗವನ್ನು ಅವಳು ಕನ್ನಡದಲ್ಲಿ ಬರೆಯಲು ಕುಳಿತಳು. ಸುಸನ್ ಫೋನಿನಲ್ಲಿ, "ಕನ್ನಡ? ಬಟ್ ವೈ?" ಎಂದು, ಸಾವಿನ ಮನೆಯವರನ್ನು ಮಾತಾಡಿಸುವ ದನಿಯಲ್ಲಿ ಕೇಳಿದಳು. ಮಂಗಳೂರಿನ ಪ್ರಕಾಶಕರೊಬ್ಬರು ಒಪ್ಪಿದರು. ಇದು ಮಕ್ಕಳ ಸಾಹಿತ್ಯವೋ, ಮಹಿಳಾ ಸಾಹಿತ್ಯವೋ, ಮುಸ್ಲಿಂ ಸಂವೇದನೆಯೋ, ಯಾವ ಕಪಾಟಿನಲ್ಲಿ ಇಡಬೇಕೆಂದು ಮೊದಲೇ ತಿಳಿಸಿ ಎಂದರು. ಹಡಗಿನ ಕಥೆ ಎಂದು ನಸೀಮ ಉತ್ತರ ಕೊಟ್ಟಳು. ಹಾಗಾದರೆ ಪ್ರವಾಸ ಸಾಹಿತ್ಯ ಎಂದು ಅವರು ಸಮಾಧಾನಪಟ್ಟರು.

ವೀಸಾ ಮುಗಿದು ಊರಿಗೆ ಹೋದ ಖದೀಜಮ್ಮ ಈಗ ಪ್ರತಿ ಶುಕ್ರವಾರ ಫೋನು ಮಾಡುತ್ತಾರೆ. ಮಗನ ಸುಖದುಃಖ, ಮೊಮ್ಮಗಳ ಪರೀಕ್ಷೆ ಎಲ್ಲ ಆಮೇಲೆ.

"ಆ ಕಳ್ಳನನ್ನು ಕೊಂದುಬಿಟ್ಟೆಯಾ?"

"ಇಲ್ಲ ಮಾಮಿ. ನೀರಿನಿಂದ ಎತ್ತಿದ್ದೇನೆ."

"ಒಳ್ಳೆದಾಯ್ತು. ಇನ್ನು ಮದುವೆ ಮಾಡಿಸು."

"ಯಾರ ಜೊತೆ?"

"ಐಸಮ್ಮನಿಗೂ ವಯಸ್ಸಾಗ್ತಾ ಬಂತಲ್ಲ."

ನಸೀಮ ನೆಟ್‌ವರ್ಕ್ ಸರಿಯಿಲ್ಲ ಎಂದು ಫೋನಿಟ್ಟಳು. ಲ್ಯಾಪ್‌ಟಾಪಿಗೆ ಮರಳಿ, ಆಕಾಶಗಳ್ಳನ ಒಂದು ಕಾಲು ಮುರಿದು, ಅಲ್ಲಿಗೆ ಹಿತ್ತಾಳೆಯದೊಂದನ್ನು ಜೋಡಿಸಿದಳು. ಅದು ನಡೆಯುವಾಗ ಹೇಗೆ ಕಿರುಗುಟ್ಟಬೇಕೆಂದು ಬಾಯಿಯಲ್ಲೇ ಮಾಡಿ ನೋಡತೊಡಗಿದಳು.